ಕ್ರಾಕೋವ್‌ನಲ್ಲಿ ಗೆಟ್ಟೊ ಇದ್ದದ್ದು ನದಿಯ ಆಚೆ: ಸ್ಕೂಟರ್ ಸುತ್ತಾಟಕ್ಕೆ ಹೊರಡುವವರಿಗೆ

ಪೋಲೆಂಡ್‌ನ ಕ್ರಾಕೋವ್‌ಗೆ ಹೋದವರಲ್ಲಿ ಬಹಳಷ್ಟು ಜನ ಕಜಿಮಿಯೆಷ್ ಬಡಾವಣೆಯಲ್ಲಿ ಒಂದು ಸುತ್ತು ಹಾಕಿ, ಗೆಟ್ಟೊ ನೋಡಿ ಬಂದೆವು ಅಂತ ಹೇಳುತ್ತಾರೆ. ಗೆಟ್ಟೊ ಅಂದರೆ ಯಹೂದಿಗಳನ್ನು ಗೋಡೆ ಕಟ್ಟಿ ಕೂಡಿಹಾಕಿದ ಜಾಗ. ಅವರು ನೋಡಿದ್ದು ಅದಲ್ಲ. ಕಜಿಮಿಯೆಷ್ ಯಹೂದಿಗಳು ಸುಮಾರು ನಾನೂರೈವತ್ತು ವರ್ಷ ಬಾಳಿ ಬದುಕಿದ ಊರು. ಎರಡನೇ ಮಹಾಯುದ್ಧದಲ್ಲಿ ಜರ್ಮನಿಯ ನಾಜಿಗಳು ಅವರನ್ನು ಕೂಡಿಹಾಕಿದ್ದು ವಿಸ್ತುಲಾ ನದಿ ದಾಟಿ ಪೊದ್ಗೂಜೆಯಲ್ಲಿ. ಅಲ್ಲಿಂದ ಇನ್ನೂ ಮುಂದೆ, ಗುಡ್ಡದ ಮೇಲೆ, ಸೆರೆಯಾದವರನ್ನು ದುಡಿಸಿ ಕೊಂದ ಪ್ವಾಷೂಫ್ ಶಿಬಿರ. ಈ ಮೂರನ್ನೂ ಇದೇ ಕ್ರಮದಲ್ಲಿ ನೋಡಿದರೆ ಮಾತ್ರ ಆದದ್ದೇನು ಎಂಬುದು ತಲೆಗೆ ಹೋಗುತ್ತದೆ. ನಡೆದೇ ಹೋಗುತ್ತೇವೆ ಅಂದರೆ ಪ್ವಾಷೂಫ್ ಮುಟ್ಟುವ ಹೊತ್ತಿಗೆ ಕಾಲು ಸೋತಿರುತ್ತದೆ, ಬಸ್ಸಿನಲ್ಲಿ ಹೋದರೆ ನಡುವಿನ ದೂರ ಅನುಭವಕ್ಕೇ ಬರುವುದಿಲ್ಲ. ಗೈಡ್ ಜೊತೆಗಿನ ಸ್ಕೂಟರ್ ಸುತ್ತಾಟ ಉಪಯೋಗಕ್ಕೆ ಬರುವುದು ಇಲ್ಲಿ.

ಸ್ಕೂಟರ್ ಅಂದರೆ ನಮ್ಮೂರಿನ ಆಕ್ಟಿವಾ ಅಲ್ಲ, ನಿಂತು ಓಡಿಸುವ ಎಲೆಕ್ಟ್ರಿಕ್ ಸ್ಕೂಟರ್. 18 ದಾಟಿದವರಿಗೆ ಪೋಲೆಂಡ್‌ನಲ್ಲಿ ಇದಕ್ಕೆ ಲೈಸೆನ್ಸ್ ಬೇಡ. 2021ರ ಮೇ ತಿಂಗಳಿಂದ ಇದಕ್ಕೆಂದೇ ಕಾನೂನಿದೆ: ಗರಿಷ್ಠ ವೇಗ ಗಂಟೆಗೆ 20 ಕಿ.ಮೀ., ಒಂದು ಸ್ಕೂಟರ್ ಮೇಲೆ ಒಬ್ಬರೇ, ಓಡಿಸುವಾಗ ಕೈಯಲ್ಲಿ ಮೊಬೈಲ್ ಹಿಡಿಯುವಂತಿಲ್ಲ. ಸೈಕಲ್ ಪಥ ಇದ್ದರೆ ಅದರಲ್ಲೇ ಹೋಗಬೇಕು. ಇಲ್ಲದ ಕಡೆ, ವೇಗಮಿತಿ 30 ಅಥವಾ ಅದಕ್ಕಿಂತ ಕಡಿಮೆ ಇರುವ ರಸ್ತೆಯಾದರೆ ರಸ್ತೆಯ ಮೇಲೆ. ಮಿತಿ ಅದಕ್ಕಿಂತ ಹೆಚ್ಚಿದ್ದರೆ ಫುಟ್‌ಪಾತ್ ಮೇಲೆ ಹೋಗಬಹುದು, ಆದರೆ ನಡೆಯುವವರ ವೇಗದಲ್ಲಿ, ಅವರಿಗೆ ದಾರಿ ಬಿಟ್ಟುಕೊಂಡು. ದೊಡ್ಡವರಿಗೆ ಹೆಲ್ಮೆಟ್ ಕಡ್ಡಾಯ ಅಲ್ಲ ಅಂತ ಗೈಡ್ ಹೇಳಿದರೂ ಕೇಳಿ ಪಡೆದು ಹಾಕಿಕೊಳ್ಳಿ. ಕಾರಣ ಕಲ್ಲುಹಾಸು.

ಕಜಿಮಿಯೆಷ್‌ನ ಷೆರೋಕಾ, ಯುಜೆಫಾದಂಥ ಬೀದಿಗಳಲ್ಲಿ ನೆಲಕ್ಕೆ ಹಾಸಿದ್ದು ಉಬ್ಬುತಗ್ಗಿನ ಹಳೇ ಕಲ್ಲು. ಎಂಟೂವರೆ ಇಂಚಿನ ಚಕ್ರ ಕಲ್ಲುಗಳ ಸಂದಿಗೆ ಇಳಿದು ಹತ್ತುವಾಗ ಹ್ಯಾಂಡಲ್ ಕೈಯಿಂದ ಕಿತ್ತುಕೊಂಡು ಹೋದ ಹಾಗೆ ಆಗುತ್ತದೆ. ಗಟ್ಟಿ ರಬ್ಬರಿನ ಚಕ್ರವಾದರೆ ಹಲ್ಲು ಕಟಕಟ ಅನ್ನುತ್ತದೆ, ಆದ್ದರಿಂದ ಬುಕ್ ಮಾಡುವಾಗಲೇ ಗಾಳಿ ತುಂಬುವ ಟಯರ್ ಇದೆಯೇ ಅಂತ ಕೇಳಿ. ಹತ್ತು ಇಂಚಿನದು ಸಿಕ್ಕರೆ ಬಿಡಬೇಡಿ. ಹೊರಡುವ ಮುಂಚೆ ಟಯರನ್ನು ಹೆಬ್ಬೆರಳಿನಿಂದ ಒತ್ತಿ ನೋಡಿ. ಈ ಅಳತೆಯ ಟಯರಿಗೆ ಸಾಮಾನ್ಯವಾಗಿ 45ರಿಂದ 50 ಪಿಎಸ್‌ಐ ಗಾಳಿ ಬೇಕು. ಮೆತ್ತಗಿದ್ದರೆ ಕುಲುಕಾಟ ಕಡಿಮೆ ಅಂತ ಖುಷಿಪಡಬೇಡಿ. ಕಲ್ಲಿನ ಅಂಚು ಟ್ಯೂಬನ್ನು ರಿಮ್ಮಿಗೆ ಒತ್ತಿ ಎರಡು ತೂತು ಮಾಡುತ್ತದೆ. ನಡುದಾರಿಯಲ್ಲಿ ಪಂಕ್ಚರ್ ಆಗುವುದಕ್ಕೆ ಹೆಚ್ಚಿನ ಪಾಲು ಇದೇ ಕಾರಣ. ಕಲ್ಲುಹಾಸಿನ ಮೇಲೆ ಮೊಣಕಾಲು ಸಡಿಲ ಬಿಟ್ಟು, ಭಾರವನ್ನು ಸ್ವಲ್ಪ ಹಿಂಗಾಲಿಗೆ ಕೊಟ್ಟು, ನಡಿಗೆಯ ವೇಗದಲ್ಲಿ ಹೋಗಿ. ಮಳೆ ಬಂದು ಕಲ್ಲು ಹೊಳೆಯುತ್ತಿದ್ದರೆ ಇಳಿದು ತಳ್ಳಿಕೊಂಡು ಹೋಗುವುದೇ ಸರಿ.

ಇನ್ನೊಂದು, ಟ್ರಾಮ್ ಹಳಿ. ಹಳಿಯ ಪಕ್ಕದ ಸೀಳಿಗೆ ಓರೆಯಾಗಿ ಹೋದ ಸಪೂರ ಚಕ್ರ ಅಂಚಿಗೆ ಸಿಕ್ಕಿ ಜಾರುತ್ತದೆ, ಸವಾರ ಮುಂದಕ್ಕೆ ಬೀಳುತ್ತಾನೆ. ಹಳಿಯನ್ನು ಯಾವಾಗಲೂ ನೇರ ಅಡ್ಡಲಾಗಿ ದಾಟಿ. ದಾಟುವಾಗ ಬ್ರೇಕ್ ಹಿಡಿಯಬೇಡಿ, ತಿರುಗಿಸಲೂ ಬೇಡಿ. ಪೊದ್ಗೂಜೆಯ ಗೆಟ್ಟೊ ವೀರರ ಚೌಕದಲ್ಲಿ ಇದು ಬೇಕೇ ಬೇಕಾಗುತ್ತದೆ.

ಪೋಲೆಂಡ್‌ನಲ್ಲಿ 2014ರಿಂದ ಊರು ತೋರಿಸುವ ಗೈಡ್ ಕೆಲಸಕ್ಕೆ ಪರವಾನಗಿ ಬೇಕಿಲ್ಲ, ಯಾರು ಬೇಕಾದರೂ ಮಾಡಬಹುದು. ಹಾಗಾಗಿ ಗೈಡನ್ನು ಆರಿಸುವ ಹೊಣೆ ನಮ್ಮದೇ. ಮೂರು ಪ್ರಶ್ನೆ ಕೇಳಿ ನೋಡಿ. ಪ್ವಾಷೂಫ್ ಸೇರಿದೆಯೇ? ಒಂದು ಗುಂಪಿನಲ್ಲಿ ಎಷ್ಟು ಜನ? ಎಷ್ಟು ಗಂಟೆ? ಎಂಟಕ್ಕಿಂತ ಹೆಚ್ಚು ಜನರಿದ್ದರೆ ಸಿಗ್ನಲ್ಲಿನಲ್ಲಿ ಅರ್ಧ ಗುಂಪು ಈಚೆ, ಅರ್ಧ ಆಚೆ ಆಗುತ್ತದೆ, ಹೊತ್ತೆಲ್ಲ ಕಾಯುವುದರಲ್ಲೇ ಕಳೆಯುತ್ತದೆ. ಮೂರೂ ಜಾಗ ಎರಡು ಗಂಟೆಯಲ್ಲಿ ಮುಗಿಸುತ್ತೇವೆ ಅನ್ನುವವರ ಜೊತೆ ಹೋಗಬೇಡಿ. ಮ್ಯೂಸಿಯಂ ಒಳಗೆ ಹೋಗದಿದ್ದರೂ ಮೂರೂವರೆ ಗಂಟೆ ಬೇಕು.

ಶುರು ಷೆರೋಕಾ ಬೀದಿಯಿಂದ. ಯಹೂದಿಗಳು ಕ್ರಾಕೋವ್ ಬಿಟ್ಟು, ಆಗ ಬೇರೆಯೇ ಊರಾಗಿದ್ದ ಕಜಿಮಿಯೆಷ್‌ಗೆ ಬರಬೇಕಾದದ್ದು 1495ರಲ್ಲಿ. ಯುದ್ಧಕ್ಕೆ ಮುಂಚೆ ನಗರದ ಸುಮಾರು ಎರಡೂವರೆ ಲಕ್ಷ ಜನರಲ್ಲಿ ಕಾಲು ಭಾಗ ಯಹೂದಿಗಳೇ. ರೆಮು ಸಿನಗಾಗ್‌ನ (ಯಹೂದಿಗಳ ಪ್ರಾರ್ಥನಾ ಮಂದಿರ) ಹಿಂದಿನ ಸ್ಮಶಾನದ ಒಳಗೋಡೆಯನ್ನು ಹತ್ತಿರ ಹೋಗಿ ನೋಡಿ. ಒಡೆದ ಸಮಾಧಿಕಲ್ಲುಗಳ ಚೂರುಗಳನ್ನೇ ಜೋಡಿಸಿ ಕಟ್ಟಿದ್ದು. ಹೀಬ್ರೂ ಅಕ್ಷರದ ಅರ್ಧ ಸಾಲು ಒಂದು ಚೂರಿನಲ್ಲಿ, ಅದರ ಪಕ್ಕ ಬೇರೆ ಯಾರದೋ ಸಮಾಧಿಯ ಹೂಬಳ್ಳಿ. ಒಳಗೆ ಹೋಗುವ ಗಂಡಸರು ತಲೆ ಮುಚ್ಚಿಕೊಳ್ಳಬೇಕು, ಟೋಪಿಯಾದರೂ ಆದೀತು. ಸಮಾಧಿಯ ಮೇಲೆ ಹೂ ಇಡುವ ಪದ್ಧತಿ ಅವರಲ್ಲಿಲ್ಲ, ಸಣ್ಣ ಕಲ್ಲು ಇಡುತ್ತಾರೆ. ಅವನ್ನು ಎತ್ತಿ ನೋಡುವುದು, ಸರಿಸುವುದು ಬೇಡ. ಶುಕ್ರವಾರ ಸಂಜೆಯಿಂದ ಶನಿವಾರ ಕತ್ತಲಾಗುವವರೆಗೆ ಅವರ ಸಬ್ಬತ್, ಅಂದರೆ ವಾರದ ವಿಶ್ರಾಂತಿಯ ದಿನ, ರೆಮು ಶನಿವಾರ ಮುಚ್ಚಿರುತ್ತದೆ. ಆದ್ದರಿಂದ ಭಾನುವಾರದಿಂದ ಗುರುವಾರದ ಒಳಗೆ ದಿನ ಗೊತ್ತುಮಾಡಿಕೊಳ್ಳಿ. ಮಿಯೊದೋವಾ ಬೀದಿಯ ಟೆಂಪೆಲ್ ಸಿನಗಾಗನ್ನು ನಾಜಿಗಳು ಕುದುರೆ ಲಾಯ ಮಾಡಿಕೊಂಡಿದ್ದರು. ಅಲ್ಲಿ ಹೊರಗಿನಿಂದ ನೋಡಿ ಮುಂದೆ ಹೋದರೂ ನಡೆಯುತ್ತದೆ.

ಇಲ್ಲಿಂದ ಬೆರ್ನಾತ್ಕಾ ಸೇತುವೆ ಕಡೆ. 2010ರಲ್ಲಿ ಕಟ್ಟಿದ, ಸೈಕಲ್ಲಿಗೂ ನಡೆಯುವವರಿಗೂ ಮೀಸಲಾದ ಸೇತುವೆ ಇದು. ಸ್ಕೂಟರಿಗೆ ಸುಲಭ. ಆದರೆ 1941ರ ಮಾರ್ಚ್‌ನಲ್ಲಿ ಜನ ದಾಟಿದ್ದು ಇದನ್ನಲ್ಲ. ಪಾತ್ರೆ, ಹಾಸಿಗೆ, ಮೇಜು ಕುರ್ಚಿಗಳನ್ನು ಗಾಡಿಗೆ ಹೇರಿಕೊಂಡು ಅವರು ಹೋದದ್ದು ಪಕ್ಕದಲ್ಲೇ ಕಾಣುವ ಉಕ್ಕಿನ ಪಿಲ್ಸುದ್ಸ್ಕಿ ಸೇತುವೆಯ ಮೇಲೆ. ಗೈಡ್ ನಿಲ್ಲಿಸದೆ ಹೋದರೆ ನೀವೇ ನಿಲ್ಲಿಸಿ ನೋಡಿ.

ಆಜ್ಞೆ ಹೊರಟದ್ದು 1941ರ ಮಾರ್ಚ್ 3ರಂದು, 20ರ ಹೊತ್ತಿಗೆ ಗೆಟ್ಟೊ ಮುಚ್ಚಿಯಾಗಿತ್ತು. ಅದಕ್ಕೆ ಹಿಂದಿನ ವರ್ಷವೇ, ವಾವೆಲ್ ಕೋಟೆಯಲ್ಲಿ ಕೂತು ಆಳುತ್ತಿದ್ದ ನಾಜಿ ಗವರ್ನರ್ ಹಾನ್ಸ್ ಫ್ರಾಂಕ್ ಯಹೂದಿಗಳಲ್ಲಿ ಬಹುಪಾಲು ಜನರನ್ನು ಊರಿನಿಂದ ಓಡಿಸಲು ಹೊರಟಿದ್ದ. ಉಳಿದ 15 ಸಾವಿರಕ್ಕೂ ಹೆಚ್ಚು ಜನರನ್ನು, ಮೊದಲು ಸುಮಾರು 3 ಸಾವಿರ ಜನ ವಾಸವಿದ್ದ ಜಾಗಕ್ಕೆ ತುರುಕಿದರು. ಒಂದೊಂದು ಮನೆಯಲ್ಲಿ ಹಲವು ಸಂಸಾರ. ಗೋಡೆ ಎಬ್ಬಿಸಿದಾಗ ಅದರ ತಲೆಯನ್ನು ಸಾಲು ಸಾಲು ಕಮಾನುಗಳಾಗಿ ಕಟ್ಟಿದರು, ಯಹೂದಿ ಸಮಾಧಿಕಲ್ಲಿನ ಆಕಾರದಲ್ಲಿ. ಅದರ ಒಂದು ತುಂಡು ಲ್ವೊವ್‌ಸ್ಕಾ ಬೀದಿಯಲ್ಲಿ ಉಳಿದಿದೆ, ಮೇಲೆ ಪೋಲಿಷ್ ಮತ್ತು ಹೀಬ್ರೂ ಭಾಷೆಯ ಫಲಕವಿದೆ. ಇನ್ನೊಂದು ಲಿಮಾನೋವ್‌ಸ್ಕಿಯೆಗೊ ಬೀದಿಯ ಶಾಲೆಯ ಹಿಂದೆ. ಲ್ವೊವ್‌ಸ್ಕಾದ ಗೋಡೆಯನ್ನು ಎಷ್ಟೋ ಗುಂಪುಗಳು ಸವಾರಿಯಲ್ಲೇ ಬೆರಳು ತೋರಿಸಿ ದಾಟಿಬಿಡುತ್ತವೆ. ಸ್ಕೂಟರ್ ನಿಲ್ಲಿಸಿ ಗೋಡೆಯ ಬುಡಕ್ಕೆ ಹೋಗಿ ನಿಲ್ಲಬೇಕು. ಕಮಾನುಗಳು ತಲೆಯ ಮೇಲಕ್ಕೆ ಬಂದು ಆಕಾಶಕ್ಕೆ ಎದುರಾಗಿ ಸಾಲುಗಟ್ಟಿದಾಗಲೇ ಅದನ್ನು ಕಟ್ಟಿಸಿದವರ ಉದ್ದೇಶ ಗೊತ್ತಾಗುವುದು. ಆ ಕಾಲದಲ್ಲಿ ಲಿಮಾನೋವ್‌ಸ್ಕಿಯೆಗೊ ಬೀದಿಯಲ್ಲಿ ಟ್ರಾಮ್ ಗೆಟ್ಟೊದ ನಡುವೆಯೇ ಓಡುತ್ತಿತ್ತು, ನಿಲ್ಲುತ್ತಿರಲಿಲ್ಲ.

ಹೆಚ್ಚು ಹೊತ್ತು ಕಳೆಯಬೇಕಾದ ಜಾಗ ಗೆಟ್ಟೊ ವೀರರ ಚೌಕ. ಆಗ ಇದರ ಹೆಸರು ಪ್ಲಾತ್ಸ್ ಜ್ಗೋದಿ, ಸಾಮರಸ್ಯದ ಚೌಕ ಅಂತ ಅರ್ಥ. 1942ರ ಜೂನ್‌ನಲ್ಲಿ ಮತ್ತು ಅಕ್ಟೋಬರ್‌ನಲ್ಲಿ ಸಾವಿರಾರು ಜನರನ್ನು ಇಲ್ಲಿ ಕೂಡಿಸಿ ಬೆಲ್ಜೆಕ್ ಸಾವಿನ ಶಿಬಿರಕ್ಕೆ ಸಾಗಿಸಿದರು. 1943ರ ಮಾರ್ಚ್ 13 ಮತ್ತು 14ರಂದು ಗೆಟ್ಟೊವನ್ನೇ ಮುಗಿಸಿದರು. ದುಡಿಯಬಲ್ಲವರು ಪ್ವಾಷೂಫ್‌ಗೆ, ಉಳಿದವರಲ್ಲಿ ಸುಮಾರು 2 ಸಾವಿರ ಜನ ಬೀದಿಗಳಲ್ಲೇ ಕೊಲೆಯಾದರು, ಮಿಕ್ಕವರು ಆಶ್ವಿಟ್ಜ್ ಸಾವಿನ ಶಿಬಿರಕ್ಕೆ. ಜನ ಹೋದ ಮೇಲೆ ಚೌಕದ ತುಂಬ ಉಳಿದದ್ದು ಅವರ ಸಾಮಾನು. 2005ರಲ್ಲಿ ಇಲ್ಲಿ ಇಟ್ಟ ಲೋಹದ ಖಾಲಿ ಕುರ್ಚಿಗಳ ಹಿಂದಿನ ಯೋಚನೆ ಅದೇ. ಚೌಕದ ನಡುವೆ 33 ದೊಡ್ಡ ಕುರ್ಚಿ, ಟ್ರಾಮ್ ನಿಲ್ದಾಣದ ಹತ್ತಿರ ಚಿಕ್ಕವು. ಚಿಕ್ಕವುಗಳ ಮೇಲೆ ಊರಿನವರು ಟ್ರಾಮಿಗೆ ಕಾಯುತ್ತ ಕೂರುತ್ತಾರೆ, ಅದು ಅಗೌರವವಲ್ಲ. ಕೂರಲಿ ಅಂತಲೇ ಇಟ್ಟದ್ದು. ಆದರೆ ಸ್ಕೂಟರನ್ನು ಯಾವ ಕುರ್ಚಿಗೂ ಆನಿಸಬೇಡಿ, ಅವುಗಳ ನಡುವೆ ಓಡಿಸಲೂ ಬೇಡಿ.

ಚೌಕದ ಮೂಲೆಯಲ್ಲಿ ಹದ್ದಿನ ಔಷಧದಂಗಡಿ. ಇದನ್ನು ನಡೆಸುತ್ತಿದ್ದ ತದೇವುಷ್ ಪಾಂಕಿಯೆವಿಚ್ ಯಹೂದಿಯಲ್ಲ. ಅಂಗಡಿ ಬಿಟ್ಟು ಹೋಗಲು ಒಪ್ಪದೆ ಗೆಟ್ಟೊದೊಳಗೇ ಉಳಿದರು. ವಯಸ್ಸು ಕಡಿಮೆ ಕಾಣಲಿ, ಕೆಲಸಕ್ಕೆ ಆಗುತ್ತಾರೆ ಅಂತ ಬಿಟ್ಟುಬಿಡಲಿ ಎಂದು ಮುದುಕರಿಗೆ ಕೂದಲಿನ ಬಣ್ಣ, ಶೋಧ ನಡೆಯುವಾಗ ಅಡಗಿಸಿಟ್ಟ ಮಕ್ಕಳು ಅಳದಿರಲಿ ಎಂದು ನಿದ್ದೆಯ ಔಷಧ ಇಲ್ಲಿಂದ ಹೋಗುತ್ತಿತ್ತು. ಈಗ ಇದು ಪುಟ್ಟ ಮ್ಯೂಸಿಯಂ. ಡ್ರಾಯರ್‌ಗಳನ್ನು ಎಳೆದು, ಬೀರು ತೆರೆದು ನೋಡಬಹುದು, ಅವುಗಳ ಒಳಗೇ ಪತ್ರ, ಚಿತ್ರಗಳಿವೆ. ಕಿಟಕಿಯಿಂದ ಹೊರಗೆ ನೋಡಿ, ಇಡೀ ಚೌಕ ಕಾಣುತ್ತದೆ. ಅವರು ಎಲ್ಲವನ್ನೂ ಕಂಡದ್ದು ಇಲ್ಲಿಂದಲೇ.

ರೈಲು ಹಳಿಯ ಕೆಳಗೆ ದಾಟಿ ಸ್ವಲ್ಪ ಮುಂದೆ ಹೋದರೆ ಲಿಪೋವಾ ಬೀದಿ 4, ತನ್ನ ಯಹೂದಿ ಕೆಲಸಗಾರರನ್ನು ಸಾವಿನಿಂದ ಉಳಿಸಿದ ಜರ್ಮನ್ ಉದ್ಯಮಿ ಆಸ್ಕರ್ ಷಿಂಡ್ಲರ್‌ನ ಎನಾಮೆಲ್ ಪಾತ್ರೆಗಳ ಕಾರ್ಖಾನೆ. 2010ರಿಂದ ಮ್ಯೂಸಿಯಂ ಆಗಿರುವ ಇಲ್ಲಿ ಇರುವುದು ಷಿಂಡ್ಲರ್‌ನ ಕತೆಗಿಂತ ಹೆಚ್ಚಾಗಿ ಆಕ್ರಮಣದ ಕಾಲದ ಇಡೀ ಕ್ರಾಕೋವ್‌ನ ಕತೆ. ಟಿಕೆಟ್‌ನಲ್ಲಿ ಒಳಗೆ ಹೋಗುವ ಹೊತ್ತು ಗೊತ್ತುಮಾಡಿರುತ್ತಾರೆ, ಬೇಸಿಗೆಯಲ್ಲಿ ಬೇಗ ಖಾಲಿಯಾಗುತ್ತದೆ. ಒಳಗೆ ಎರಡು ಗಂಟೆ ಬೇಕು. ಸವಾರಿಯ ನಡುವೆ ಇದನ್ನು ತುರುಕಬೇಡಿ, ಇನ್ನೊಂದು ದಿನಕ್ಕೆ ಇಟ್ಟುಕೊಳ್ಳಿ.

ಕೊನೆಯದು ಪ್ವಾಷೂಫ್. ಬಹಳ ಸುತ್ತಾಟಗಳು ಇದನ್ನು ಬಿಟ್ಟುಬಿಡುತ್ತವೆ. ದೂರ, ಏರು, ನೋಡಲು ಏನೂ ಇಲ್ಲ ಎಂಬ ಕಾರಣ ಕೊಡುತ್ತಾರೆ. ನಿಜ, ಅಲ್ಲಿರುವುದು ಹುಲ್ಲು, ಮರ, ಮಾಹಿತಿ ಫಲಕ. ಆದರೆ ಆ ಹುಲ್ಲಿನ ಕೆಳಗೆ ಗುರುತು ಹಾಕದ ಸಾಮೂಹಿಕ ಗೋರಿಗಳಿವೆ. ಎರಡು ಯಹೂದಿ ಸ್ಮಶಾನಗಳನ್ನು ಕೆಡವಿ ಅದರ ಮೇಲೆ ಶಿಬಿರ ಕಟ್ಟಿದರು, ಸಮಾಧಿಕಲ್ಲುಗಳನ್ನು ಶಿಬಿರದ ರಸ್ತೆಗೆ ಹಾಸಿದರು. ಆದ್ದರಿಂದ ದಾರಿ ಬಿಟ್ಟು ಹುಲ್ಲಿಗೆ ಇಳಿಯಬೇಡಿ. ಸ್ಕೂಟರ್ ಜೆರೊಜೊಲಿಮ್‌ಸ್ಕಾ ಬೀದಿಯಲ್ಲೇ ನಿಲ್ಲಲಿ, ಅಲ್ಲಿಂದ ನಡಿಗೆ. ಮೊದಲಿಗೆ ಸಿಗುವ ಬೂದುಬಣ್ಣದ ಮನೆ ಶಿಬಿರ ನಡೆಸುತ್ತಿದ್ದ ನಾಜಿ ಪಡೆ ಎಸ್‌ಎಸ್‌ನವರು ಬಳಸಿದ್ದು, ನೆಲಮಾಳಿಗೆಯಲ್ಲಿ ಸೆರೆಕೋಣೆ ಇತ್ತು. ಶಿಬಿರದ ಕಮಾಂಡೆಂಟ್ ಆಮೋನ್ ಗ್ಯೋಥ್ ವಾಸವಿದ್ದ ಬಂಗಲೆ ಬೇರೆ. ಅದು ಈಗ ಖಾಸಗಿ ಮನೆ, ಎದುರು ಗುಂಪುಗಟ್ಟಿ ಫೋಟೊ ಹೊಡೆಯುವುದು ಬೇಡ. ಪಕ್ಕದ ಲಿಬಾನ್ ಕ್ವಾರಿಯಲ್ಲಿ ಬಿದ್ದಿರುವ ಸಮಾಧಿಕಲ್ಲಿನ ರಸ್ತೆಯನ್ನು ಶಿಬಿರದ ನಿಜವಾದ ಅವಶೇಷ ಅಂದುಕೊಳ್ಳುವವರು ಬಹಳ. ಅದು ತೊಂಬತ್ತರ ದಶಕದಲ್ಲಿ ಸಿನಿಮಾ ಚಿತ್ರೀಕರಣಕ್ಕೆ ಮಾಡಿದ ಸೆಟ್. ಕ್ವಾರಿಯಲ್ಲಿ ನಿಜವಾಗಿಯೂ ಇದ್ದದ್ದು ಪೋಲಿಷ್ ಯುವಕರನ್ನು ದುಡಿಸಿಕೊಂಡ ಬೇರೊಂದು ಶಿಬಿರ. ಇದನ್ನು ಬೇರೆ ಮಾಡಿ ಹೇಳದ ಗೈಡ್ ವಿಷಯ ಓದಿಲ್ಲ ಅಂತಲೇ ಲೆಕ್ಕ. ಗುಡ್ಡದ ಆ ತುದಿಯಲ್ಲಿ 1964ರ ಸ್ಮಾರಕವಿದೆ: ತಲೆ ಬಾಗಿದ ಐದು ಬೃಹತ್ ಆಕೃತಿ, ಐದರ ಎದೆಯನ್ನೂ ಅಡ್ಡಕ್ಕೆ ಸೀಳಿದ ಒಂದೇ ಬಿರುಕು.

ಬ್ಯಾಟರಿ ಕೈಕೊಡುವುದು ಸಾಮಾನ್ಯವಾಗಿ ಈ ಏರಿನಲ್ಲಿ. ಚಳಿಯಲ್ಲಿ ಲಿಥಿಯಂ ಬ್ಯಾಟರಿ ಹೇಳಿದಷ್ಟು ದೂರ ಓಡುವುದಿಲ್ಲ, ಭಾರದ ಸವಾರರಿಗಂತೂ ಇನ್ನೂ ಕಡಿಮೆ. ಗೆಟ್ಟೊ ವೀರರ ಚೌಕ ಬಿಡುವಾಗ ಅರ್ಧಕ್ಕಿಂತ ಕಡಿಮೆ ಚಾರ್ಜ್ ತೋರಿಸಿದರೆ ಅಲ್ಲೇ ಗೈಡ್‌ಗೆ ಹೇಳಿ. ಮೇಲೆ ಹೋದ ಮೇಲೆ ನಿಂತುಬಿಟ್ಟರೂ ಗಾಬರಿ ಬೇಡ: ಜೆರೊಜೊಲಿಮ್‌ಸ್ಕಾದಿಂದ ಕೆಳಗೆ ವಿಯೆಲಿತ್ಸ್ಕಾ ರಸ್ತೆಯವರೆಗೆ ಇಳಿಜಾರೇ, ತಳ್ಳಿಕೊಂಡು ಬಂದರೆ ಅಲ್ಲಿ ದ್ವೊರ್ತ್ಸೋವಾ ಟ್ರಾಮ್ ನಿಲ್ದಾಣ ಸಿಗುತ್ತದೆ.