ಕಡತದಲ್ಲಿರುವುದನ್ನು ಮುದುಕರ ಬಾಯಲ್ಲಿ ಯಾಕೆ ಕೇಳುತ್ತೀರಿ?

ಕಾಗೋಡು ಸತ್ಯಾಗ್ರಹ ಕಂಡವರನ್ನು ಮಾತನಾಡಿಸಿ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ ಎಂದರೆ ಸಾಕು, ಈ ಪ್ರಶ್ನೆ ಬರುತ್ತದೆ. ಎಲ್ಲವೂ ಪುಸ್ತಕದಲ್ಲಿದೆಯಲ್ಲ? ಎಂಬತ್ತು ದಾಟಿದವರಿಗೆ ಇಸವಿಯೇ ನೆಟ್ಟಗೆ ನೆನಪಿರುವುದಿಲ್ಲ, ಅವರ ಮಾತನ್ನು ನಂಬುವುದು ಹೇಗೆ?

ಪುಸ್ತಕದಲ್ಲಿರುವುದು ನಿಜ. 1951ರ ಏಪ್ರಿಲ್‌ನಲ್ಲಿ ಶಿವಮೊಗ್ಗ ಜಿಲ್ಲೆಯ ಸಾಗರ ಸೀಮೆಯ ಕಾಗೋಡಿನಲ್ಲಿ ಗೇಣಿದಾರರು, ಹೆಚ್ಚಿನವರು ದೀವರ ಸಮುದಾಯದವರು, ಜಮೀನಿನ ಒಡೆಯರಿಗೆ ಎದುರು ನಿಂತರು. ಎಚ್. ಗಣಪತಿಯಪ್ಪ ಸಂಘಟಿಸಿದರು, ಸಮಾಜವಾದಿ ಪಕ್ಷದ ಶಾಂತವೇರಿ ಗೋಪಾಲಗೌಡರು ಜೊತೆಯಾದರು, ಜೂನ್‌ನಲ್ಲಿ ಆ ಪಕ್ಷದ ನಾಯಕ ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದರು. ಜಗಳದ ಬೇರು ಕೊಳಗದಲ್ಲಿತ್ತು: ಗೇಣಿ ಭತ್ತ ಅಳೆಯಲು ಒಡೆಯರು ಬಳಸುತ್ತಿದ್ದ ಕೊಳಗ ವಾಡಿಕೆಯದಕ್ಕಿಂತ ದೊಡ್ಡದು. ಇಷ್ಟನ್ನು ತಿಳಿಯಲು ಕ್ಯಾಮೆರಾ ಹೊರಬೇಕಿಲ್ಲ.

ನಾನೂ ಮೊದಲು ಜೆರಾಕ್ಸ್ ಪ್ರತಿಗಳ ಕಟ್ಟು ಹಿಡಿದುಕೊಂಡೇ ಹೋದವನು. ಒಬ್ಬ ಅಜ್ಜಿಯ ಜಗಲಿಯಲ್ಲಿ ಕುಳಿತು ಸತ್ಯಾಗ್ರಹ ನಡೆದದ್ದು ಯಾವ ವರ್ಷ ಎಂದು ಕೇಳಿದೆ. "ಲಿಂಗನಮಕ್ಕಿ ನೀರು ನಿಂತ ವರ್ಷ" ಎಂದರು. ಶರಾವತಿಯ ಆ ಅಣೆಕಟ್ಟು 1964ರದು. ನಾನು ಪೆದ್ದನಂತೆ ತಿದ್ದಿದೆ. ಆ ದಿನ ಮತ್ತೆ ಅವರು ಬಾಯಿ ಬಿಡಲಿಲ್ಲ.

ಎರಡನೆಯ ಸಲ ಗೊತ್ತಾಯಿತು. ತವರಿನ ಗೇಣಿ ಗದ್ದೆಯನ್ನು ಒಡೆಯರು ಬಿಡಿಸಿದ್ದರು, ಕೊಟ್ಟ ಮನೆಯ ಗದ್ದೆಯನ್ನು ಶರಾವತಿಯ ಹಿನ್ನೀರು ನುಂಗಿತ್ತು. ಅವರಿಗೆ ಎರಡೂ "ಗದ್ದೆ ಹೋದ ವರ್ಷ". ನಡುವಿನ ಹದಿಮೂರು ವರ್ಷದ ಚಿಂತೆ ನನ್ನದು ಮಾತ್ರ. ಆ ಮಾತನ್ನು ಚಿತ್ರದಲ್ಲಿ ಹಾಗೆಯೇ ಬಿಟ್ಟಿದ್ದೇನೆ, ಕೆಳಗೆ ಇಸವಿ ಹಾಕಿದ್ದೇನೆ.

ಇನ್ನು ನಂಬಿಕೆಯ ಮಾತು. ದೇವರಾಜ ಅರಸರ ಕಾಲದ ಭೂಸುಧಾರಣಾ ತಿದ್ದುಪಡಿ 1974ರ ಮಾರ್ಚ್ 1ರಂದು ಜಾರಿಗೆ ಬಂದು ಒಕ್ಕಲುಗಳು ಉಳುವ ಭೂಮಿಯ ಹಕ್ಕು ಕೇಳುವ ಅರ್ಜಿ, ನಮೂನೆ 7, ತುಂಬಿದಾಗ, ಎಷ್ಟೋ ಜನರ ಬಳಿ ಗೇಣಿ ಚೀಟಿಯೇ ಇರಲಿಲ್ಲ. ಭೂನ್ಯಾಯಮಂಡಳಿಯ ಮುಂದೆ ನೆರೆಯವರು ನಿಂತು "ಇದನ್ನು ಉಳುತ್ತಿದ್ದವನು ಇವನೇ" ಎಂದು ಹೇಳಬೇಕಿತ್ತು. ಇಂದು ನಾವು ಕಣ್ಣಿಗೊತ್ತಿಕೊಳ್ಳುವ ಪಹಣಿಯ ಹಿಂದೆಯೂ ಇಂಥ ಬಾಯಿಮಾತು ಇದೆ.

ಮೂರನೆಯ ಸಲ ನಾನು ಏನನ್ನೂ ಕೇಳಲಿಲ್ಲ. ನೆರೆಮನೆಯ ಅಟ್ಟದಿಂದ ಹಳೆಯ ಕೊಳಗ ಇಳಿಸಿ ತಂದು, ಅರ್ಧ ಚೀಲ ಭತ್ತದ ಜೊತೆ ಅಜ್ಜಿಯ ಮುಂದಿಟ್ಟೆ. ಅವರು ಸೆರಗು ಸಿಕ್ಕಿಸಿಕೊಂಡು ಅಳೆಯತೊಡಗಿದರು. "ಲಾಭ, ಎರಡು, ಮೂರು..." ಭತ್ತ ಅಳೆಯುವಾಗ ಒಂದು ಎನ್ನುವಂತಿಲ್ಲ, ಮೊದಲ ಕೊಳಗ ಲಾಭ. (ಯಾರಿಗೆ ಎಂದು ನಾನು ಕೇಳಲಿಲ್ಲ.) ನಾಲ್ಕನೆಯದಕ್ಕೆ ಎಡಗೈಯನ್ನು ಬಾಯಂಚಿಗೆ ಗೋಡೆಯಂತೆ ಒತ್ತಿ ಹಿಡಿದು, ಬಲಗೈಯಿಂದ ಇನ್ನಷ್ಟು ಸುರಿದು ಗೋಪುರ ಏರಿಸಿದರು. "ಗೇಣಿ ಹೀಗೆ." ಆಮೇಲೆ ಅಂಗೈಯಿಂದ ಅಂಚಿನ ಮಟ್ಟಕ್ಕೆ ಸವರಿಬಿಟ್ಟರು. "ಮಳೆಗಾಲದಲ್ಲಿ ಸಾಲ ಕೇಳಲು ಹೋದರೆ ಹೀಗೆ."

ಕೊಳಗದ ಗಾತ್ರ ನನ್ನ ಜೆರಾಕ್ಸ್ ಕಟ್ಟಿನಲ್ಲಿತ್ತು. ಆ ಎಡಗೈ ಇರಲಿಲ್ಲ.

ಆ ದೃಶ್ಯ ಉದ್ದವಾಯಿತು, ಕತ್ತರಿಸಿ ಎಂದು ನೋಡಿದವರೆಲ್ಲ ಹೇಳುತ್ತಾರೆ. ಉದ್ದವಾಗಿರುವುದಕ್ಕೆ ಕಾರಣ, ಅಳತೆ ಮುಗಿದ ಮೇಲೆ ಚಾಪೆಯಾಚೆ ಚೆಲ್ಲಿದ್ದ ಭತ್ತವನ್ನು ಅಜ್ಜಿ ಕಾಳು ಕಾಳಾಗಿ ಹೆಕ್ಕಿ ಚೀಲಕ್ಕೆ ಹಾಕುತ್ತಾರೆ. ಹಿಂದಿನಿಂದ ನನ್ನ ಧ್ವನಿ ಎರಡು ಬಾರಿ ಏನೋ ಕೇಳುತ್ತದೆ. ಅವರು ತಲೆ ಎತ್ತುವುದಿಲ್ಲ.