ಒಂದೇ ಬಾರಿ ಕರಿಯುವ ಗ್ರೀಕ್ ಆಲೂಗಡ್ಡೆ

ಗ್ರೀಸ್ ದೇಶದ ತಾವೆರ್ನಾಗಳಲ್ಲಿ, ಅಂದರೆ ಮನೆಯಡುಗೆಯಂಥ ಊಟವನ್ನು ಬಡಿಸುವ ಸಾಧಾರಣ ಖಾನಾವಳಿಗಳಲ್ಲಿ, ಮೀನು, ಮಾಂಸ, ಸಲಾಡ್ ಏನನ್ನೇ ತರಿಸಿಕೊಂಡರೂ ಮೇಜಿನ ನಡುವೆ ಒಂದು ತಟ್ಟೆ ‘ಪತಾತೆಸ್ ತಿಗನಿತೆಸ್’ ಇರುವುದು ವಾಡಿಕೆ. ಆಲಿವ್ ಎಣ್ಣೆಯಲ್ಲಿ ಕರಿದು, ಉಪ್ಪು ಮತ್ತು ಒಣ ಓರೆಗಾನೊ ಉದುರಿಸಿ, ನಿಂಬೆಹಣ್ಣಿನ ಹೋಳಿನ ಜೊತೆ ಕೊಡುವ ಆಲೂಗಡ್ಡೆ ಇದು. ನೋಡುವುದಕ್ಕೆ ಫ್ರೆಂಚ್ ಫ್ರೈಸ್‌ನಂತೆ ಕಂಡರೂ ಎರಡರ ಹದ ಬೇರೆ ಬೇರೆ. ಬರ್ಗರ್ ಅಂಗಡಿಯ ಫ್ರೈಸ್ ತೆಳ್ಳಗೆ, ಒಂದೇ ಅಳತೆಯಲ್ಲಿ, ಕಚ್ಚಿದರೆ ಸದ್ದು ಬರುವಷ್ಟು ಗರಿಗರಿಯಾಗಿ ಇರಬೇಕೆಂದು ಅವುಗಳನ್ನು ಒಮ್ಮೆ ಅರ್ಧ ಕರಿದು, ಹೆಪ್ಪುಗಟ್ಟಿಸಿ, ಬೇಕಾದಾಗ ಮತ್ತೊಮ್ಮೆ ಕರಿಯುತ್ತಾರೆ. ಗ್ರೀಕರ ಮನೆಗಳಲ್ಲಿ ಕೈಯಿಂದ ಹೆಚ್ಚಿದ ತುಂಡುಗಳು ದಪ್ಪಗೆ, ಒಂದು ಉದ್ದ ಒಂದು ಗಿಡ್ಡ ಎಂಬಂತೆ ಇರುತ್ತವೆ. ಅಂಚುಗಳು ಮಾತ್ರ ಗರಿಯಾಗುತ್ತವೆ, ಒಳಗಿನ ತಿರುಳು ಮೆತ್ತಗೆ ಉಳಿಯುತ್ತದೆ, ನಾಲಿಗೆಗೆ ಮೊದಲು ಸಿಗುವುದು ಎಣ್ಣೆಯ ಮತ್ತು ಸೊಪ್ಪಿನ ಪರಿಮಳ. ಗರಿಗರಿಯ ಹಂಬಲವನ್ನು ಬಿಟ್ಟರೆ ಎರಡನೆಯ ಸಲ ಕರಿಯುವ ಅಗತ್ಯವೇ ಬೀಳುವುದಿಲ್ಲವಾದ್ದರಿಂದ, ಸಂಜೆ ಕೆಲಸ ಮುಗಿಸಿ ಬಂದವರೂ ಅರ್ಧ ಗಂಟೆಯಲ್ಲಿ ಮಾಡಿ ಮುಗಿಸಬಹುದಾದ ತಿನಿಸು ಇದು.

ಇಷ್ಟು ಗ್ರೀಕ್ ಎನಿಸುವ ಈ ತಿನಿಸಿಗೆ ಗ್ರೀಸ್‌ನಲ್ಲಿ ಇನ್ನೂರು ವರ್ಷಗಳ ಆಸುಪಾಸಿನ ಚರಿತ್ರೆಯಷ್ಟೇ ಇದೆ ಎಂಬುದು ನನಗೆ ಸೋಜಿಗದ ಸಂಗತಿ. ಆಟೊಮನ್ ಆಳ್ವಿಕೆಯ ವಿರುದ್ಧದ ಹೋರಾಟದಿಂದ ದೇಶ ಬಸವಳಿದಿದ್ದಾಗ, 1828ರಲ್ಲಿ ಅಧಿಕಾರಕ್ಕೆ ಬಂದ ಮೊದಲ ಆಡಳಿತಗಾರ ಇಯೊವಾನ್ನಿಸ್ ಕಪೊದಿಸ್ತ್ರಿಯಾಸ್ ಆಲೂಗಡ್ಡೆಯ ಬೇಸಾಯವನ್ನು ಅಲ್ಲಿ ಬೆಳೆಸಿದವನೆಂದು ಹೆಸರಾಗಿದ್ದಾನೆ. ಜನ ಈ ಹೊಸ ಗೆಡ್ಡೆಯನ್ನು ಮೂಸಿಯೂ ನೋಡದಿದ್ದಾಗ ಅವನು ನಾಫ್ಪ್ಲಿಯೊ ಬಂದರಿನಲ್ಲಿ ಆಲೂಗಡ್ಡೆಯ ರಾಶಿ ಹಾಕಿಸಿ, ಅದಕ್ಕೆ ಕಾವಲು ನಿಲ್ಲಿಸಿ, ಕದ್ದರೂ ಕಾಣದಂತಿರಿ ಎಂದು ಕಾವಲುಗಾರರಿಗೆ ಹೇಳಿದನಂತೆ. ಕಾವಲಿರುವ ವಸ್ತು ಬೆಲೆಬಾಳುವಂಥದ್ದೇ ಇರಬೇಕೆಂದು ಜನ ರಾತ್ರೋರಾತ್ರಿ ಹೊತ್ತುಕೊಂಡು ಹೋದರಂತೆ. ಫ್ರಾನ್ಸಿನಲ್ಲಿ ಆಲೂಗಡ್ಡೆಯನ್ನು ಜನಪ್ರಿಯಗೊಳಿಸಿದ ಪಾರ್ಮಾಂತಿಯೆಯ ಬಗ್ಗೆಯೂ ಇದೇ ಕಥೆ ಇರುವುದರಿಂದ ಇದನ್ನು ಕಥೆಯಾಗಿಯೇ ಸವಿಯುವುದು ಒಳ್ಳೆಯದು. ಕಪೊದಿಸ್ತ್ರಿಯಾಸ್ 1831ರಲ್ಲಿ ಅದೇ ನಾಫ್ಪ್ಲಿಯೊದಲ್ಲಿ ಕೊಲೆಯಾದ, ಆಲೂಗಡ್ಡೆ ಉಳಿಯಿತು. ಇಂದು ನಾಕ್ಸೊಸ್ ದ್ವೀಪದ ಆಲೂಗಡ್ಡೆಗೆ ಐರೋಪ್ಯ ಒಕ್ಕೂಟದ ಭೌಗೋಳಿಕ ಗುರುತಿನ ರಕ್ಷಣೆಯೂ ಇದೆ.

ಇನ್ನು ಎಣ್ಣೆಯ ವಿಚಾರ. ಆಲಿವ್ ಎಣ್ಣೆಯನ್ನು ಸಲಾಡಿಗೆ ಹಸಿಯಾಗಿ ಹಾಕಬೇಕೇ ಹೊರತು ಒಲೆಯ ಮೇಲೆ ಕಾಯಿಸಬಾರದು ಎಂಬ ಮಾತು ನಮ್ಮಲ್ಲಿ ಬಲವಾಗಿ ಬೇರೂರಿದೆ. ಗ್ರೀಸ್‌ನ ಅಡುಗೆಮನೆಗಳು ತಲೆಮಾರುಗಳಿಂದ ಇದಕ್ಕೆ ವಿರುದ್ಧವಾಗಿ ನಡೆದುಕೊಂಡು ಬಂದಿವೆ. ಒಳ್ಳೆಯ ಎಕ್ಸ್‌ಟ್ರಾ ವರ್ಜಿನ್ ಎಣ್ಣೆ, ಅಂದರೆ ಹಣ್ಣಿನಿಂದ ನೇರವಾಗಿ ಹಿಂಡಿದ, ಶುದ್ಧೀಕರಣಕ್ಕೆ ಒಳಪಡಿಸದ ಎಣ್ಣೆ, ಹೊಗೆಯಾಡಲು ತೊಡಗುವುದು ಸುಮಾರು 190ರಿಂದ 210 ಡಿಗ್ರಿ ಸೆಲ್ಸಿಯಸ್ ಶಾಖದಲ್ಲಿ; ಆಲೂಗಡ್ಡೆಯನ್ನು ಕರಿಯಲು 160ರಿಂದ 175 ಡಿಗ್ರಿ ಸಾಕು. ಅದಲ್ಲದೆ ಆಲಿವ್ ಎಣ್ಣೆಯಲ್ಲಿ ಹೆಚ್ಚಿನ ಪಾಲು ಓಲಿಯಿಕ್ ಆಮ್ಲವಿದ್ದು, ಅದು ಸೂರ್ಯಕಾಂತಿ ಎಣ್ಣೆಯಲ್ಲಿ ಸಾಮಾನ್ಯವಾಗಿ ಹೆಚ್ಚಿರುವ ಲಿನೊಲಿಯಿಕ್ ಆಮ್ಲಕ್ಕಿಂತ ಬಿಸಿಯನ್ನು ಚೆನ್ನಾಗಿ ತಡೆದುಕೊಳ್ಳುತ್ತದೆ. ಆದ್ದರಿಂದ ಕಾಯಿಸಿದರೆ ವಿಷವಾಗುತ್ತದೆ ಎಂಬ ಹೆದರಿಕೆಗೆ ಆಧಾರವಿಲ್ಲ. ಹೆದರಬೇಕಾದದ್ದು ಬೆಲೆಗೆ. ಬೆಂಗಳೂರಿನ ಅಂಗಡಿಗಳಲ್ಲಿ ಒಳ್ಳೆಯ ಬಾಟಲಿಯ ಬೆಲೆ ನೋಡಿದವರು ಅದನ್ನು ಬಾಣಲೆ ತುಂಬ ಸುರಿಯಲು ಹಿಂಜರಿಯುವುದು ಸಹಜ, ನಾನೂ ಸುರಿಯುವುದಿಲ್ಲ. ಅರ್ಧ ಕಿಲೋ ಆಲೂಗಡ್ಡೆಗೆ ಸುಮಾರು 200 ಮಿಲಿಲೀಟರ್ ಎಣ್ಣೆ, ಚಿಕ್ಕ ಆದರೆ ದಪ್ಪ ತಳದ ಪಾತ್ರೆ, ಎರಡು ಸರದಿ: ಇಷ್ಟರಲ್ಲಿ ಕೆಲಸ ಆಗುತ್ತದೆ. ತುಂಡುಗಳು ಪೂರ್ತಿ ಮುಳುಗದಿದ್ದರೂ ಚಿಂತೆಯಿಲ್ಲ, ನಡುವೆ ತಿರುವಿಹಾಕಿದರಾಯಿತು. ಕಡಿಮೆ ಬೆಲೆಗೆ ಸಿಗುವ ‘ಪೊಮೇಸ್’ ಎಂಬ ಚೀಟಿಯ ಆಲಿವ್ ಎಣ್ಣೆ ಹಿಂಡಿದ ಮೇಲೆ ಉಳಿದ ಹಿಂಡಿಯಿಂದ ತೆಗೆದು ಶುದ್ಧೀಕರಿಸಿದ್ದು. ಕರಿಯಲು ಅದೂ ಆಗುತ್ತದೆ, ಆದರೆ ಪರಿಮಳ ಬಹುತೇಕ ಹೋಗಿರುತ್ತದೆ. ಅದರ ಬದಲು ಅರ್ಧ ಎಕ್ಸ್‌ಟ್ರಾ ವರ್ಜಿನ್, ಅರ್ಧ ಸೂರ್ಯಕಾಂತಿ ಬೆರೆಸುವುದು ನನ್ನ ಅಭಿಪ್ರಾಯದಲ್ಲಿ ಹೆಚ್ಚು ಜಾಣತನದ ಕೆಲಸ. ಗ್ರೀಸ್‌ನಲ್ಲಿಯೂ ಎಲ್ಲ ಹೋಟೆಲುಗಳು ಆಲಿವ್ ಎಣ್ಣೆಯಲ್ಲೇ ಕರಿಯುತ್ತವೆ ಎಂದು ಭಾವಿಸಬೇಕಾಗಿಲ್ಲ. ಬೀಜದ ಎಣ್ಣೆ ಬಳಸುವವರು ಅಲ್ಲಿಯೂ ಇದ್ದಾರೆ.

ಆಲೂಗಡ್ಡೆಯ ಆಯ್ಕೆ ಎಣ್ಣೆಯಷ್ಟೇ ಮುಖ್ಯ. ಹಾಸನದ ಕಡೆ ಮುಂಗಾರಿನಲ್ಲಿ ಬೆಳೆದು ಬರುವ ಹೊಸ ಗೆಡ್ಡೆಯಲ್ಲಿ ನೀರಿನಂಶ ಹೆಚ್ಚು, ಸಿಪ್ಪೆ ಉಗುರಿನಲ್ಲಿ ಕೆರೆದರೆ ಬಿಡುವಷ್ಟು ತೆಳು. ಪಲ್ಯಕ್ಕೆ, ಸಾಗುವಿಗೆ ಅದು ಸೊಗಸು, ಕರಿಯಲು ಅಷ್ಟಾಗಿ ಹೊಂದುವುದಿಲ್ಲ. ಬಲಿತ, ಸಿಪ್ಪೆ ಗಟ್ಟಿಯಾದ, ಕೈಯಲ್ಲಿ ತೂಕವಾಗಿ ಕೂರುವ ಗೆಡ್ಡೆ ಬೇಕು. ಇನ್ನೊಂದು ತೊಡಕು ಶೀತಲಗೃಹದ್ದು. ಬಹಳ ತಣ್ಣಗಿನ ಜಾಗದಲ್ಲಿ ಇಟ್ಟ ಆಲೂಗಡ್ಡೆಯಲ್ಲಿ ಪಿಷ್ಟದ ಒಂದಂಶ ಸಕ್ಕರೆಯಾಗುತ್ತದೆ. ಅಂಥ ತುಂಡು ಎಣ್ಣೆಗೆ ಬಿದ್ದ ಸ್ವಲ್ಪ ಹೊತ್ತಿಗೇ ಹೊರಗೆ ಕಂದಾಗಿ ಒಳಗೆ ಹಸಿಯಾಗಿ ಉಳಿಯುತ್ತದೆ, ಕಹಿಯೂ ಬರುತ್ತದೆ. ಮನೆಯ ಫ್ರಿಜ್ಜಿನಲ್ಲಿ ಆಲೂಗಡ್ಡೆ ಇಡಬಾರದು ಎನ್ನುವುದಕ್ಕೆ ಇದೇ ಕಾರಣ. ಕರಿಯುವಾಗ ಅಕ್ರಿಲಮೈಡ್ ಎಂಬ ಬೇಡದ ರಾಸಾಯನಿಕ ಹೆಚ್ಚು ಹುಟ್ಟುವುದೂ ಇಂಥ ಸಕ್ಕರೆಯೇರಿದ ಗೆಡ್ಡೆಯಲ್ಲೇ. ತಂದ ಆಲೂಗಡ್ಡೆಯನ್ನು ಬೆಳಕು ಬೀಳದ, ಗಾಳಿಯಾಡುವ ಮೂಲೆಯಲ್ಲಿ ನಾಲ್ಕಾರು ದಿನ ಬಿಟ್ಟರೆ ಸಕ್ಕರೆ ಸ್ವಲ್ಪ ಮಟ್ಟಿಗೆ ಇಳಿಯುತ್ತದೆ. ಹಸಿರುಗಟ್ಟಿದ್ದನ್ನಂತೂ ಒಲೆಯ ಹತ್ತಿರ ತರಬಾರದು.

ಸಿಪ್ಪೆ ಹೆರೆದು, ಕಿರುಬೆರಳಿನ ದಪ್ಪಕ್ಕೆ ಉದ್ದುದ್ದ ಹೆಚ್ಚಿಕೊಳ್ಳುವುದು ರೂಢಿ. ಬಿಲ್ಲೆಗಳಾಗಿ ಹೆಚ್ಚುವವರೂ ಇದ್ದಾರೆ, ಬಿಲ್ಲೆ ಬೇಗ ಬೇಯುತ್ತದೆ. ಹೆಚ್ಚಿದ್ದನ್ನು ಎರಡು ನೀರಿನಲ್ಲಿ ತೊಳೆದು ಮೇಲಿನ ಪಿಷ್ಟವನ್ನು ಕಳೆಯಬೇಕು, ಆಮೇಲೆ ಒಣಗಿದ ಹತ್ತಿ ಬಟ್ಟೆಯ ಮೇಲೆ ಹರಡಿ ಚೆನ್ನಾಗಿ ಒತ್ತಿ ಒರೆಸಬೇಕು. ಆತುರದಲ್ಲಿ ಯಾವುದನ್ನು ಬಿಟ್ಟರೂ ಈ ಒರೆಸುವುದನ್ನು ಬಿಡಬಾರದು. ನೀರು ಉಳಿದರೆ ಎಣ್ಣೆ ಸಿಡಿಯುತ್ತದೆ, ಕಾವು ಇಳಿಯುತ್ತದೆ, ಆಲೂಗಡ್ಡೆ ಕರಿದದ್ದಕ್ಕಿಂತ ಬೆಂದದ್ದರಂತೆ ಆಗುತ್ತದೆ. ಉಪ್ಪನ್ನು ಈ ಹಂತದಲ್ಲಿ ಹಾಕಬಾರದು, ಅದು ತುಂಡಿನಿಂದ ನೀರು ಬಿಡಿಸುತ್ತದೆ.

ಎಣ್ಣೆ ಕಾದಿದೆಯೇ ಎಂದು ನೋಡಲು ಒಂದು ತುಂಡನ್ನು ಬಿಡಬೇಕು. ಅದು ತಳಕ್ಕೆ ಹೋಗಿ ಸುಮ್ಮನಿದ್ದರೆ ಕಾವು ಸಾಲದು; ಬಿದ್ದ ಕೂಡಲೇ ಭೋರೆಂದು ನೊರೆ ಎದ್ದರೆ ಕಾವು ಹೆಚ್ಚಾಯಿತು; ತುಂಡಿನ ಸುತ್ತ ಸಾಸಿವೆ ಗಾತ್ರದ ಗುಳ್ಳೆಗಳು ಎಡೆಬಿಡದೆ ಏಳುತ್ತಿದ್ದರೆ ಸರಿಯಾದ ಹದ. ಸರದಿಯ ತುಂಡುಗಳನ್ನೆಲ್ಲ ಹಾಕಿದ ಮೇಲೆ ಮಧ್ಯಮ ಉರಿಯಲ್ಲಿ ಮೊದಲ ಐದಾರು ನಿಮಿಷ ಅವುಗಳನ್ನು ಮುಟ್ಟದಿರುವುದು ಲೇಸು, ಏಕೆಂದರೆ ಆಗ ಹೊರಮೈ ಇನ್ನೂ ಗಟ್ಟಿಯಾಗಿರುವುದಿಲ್ಲ, ಕೆದಕಿದರೆ ಮುರಿಯುತ್ತದೆ. ಆಮೇಲೆ ಜಾಲರಿಯಿಂದ ಮೆಲ್ಲಗೆ ತಿರುವಬೇಕು. ಕರಿಯುವ ಸದ್ದನ್ನು ಗಮನಿಸುತ್ತಿದ್ದರೆ ಗಡಿಯಾರ ನೋಡಬೇಕಾಗಿಲ್ಲ. ಮೊದಲು ದಪ್ಪವಾಗಿ ಮೊರೆಯುವ ಎಣ್ಣೆ, ತುಂಡುಗಳೊಳಗಿನ ನೀರು ಆವಿಯಾಗಿ ಮುಗಿಯುತ್ತ ಬಂದಂತೆ ಸಣ್ಣ ದನಿಯ ಚಟಪಟಕ್ಕೆ ಇಳಿಯುತ್ತದೆ. ಚಾಕುವಿನ ತುದಿ ಸಲೀಸಾಗಿ ಒಳಹೊಕ್ಕರೆ ಬೆಂದಿದೆ ಎಂದು ಲೆಕ್ಕ. ಆಗ ಉರಿಯನ್ನು ಏರಿಸಿ ಎರಡು ನಿಮಿಷ ಬಿಟ್ಟರೆ ಅಂಚುಗಳು ಹೊಂಬಣ್ಣಕ್ಕೆ ತಿರುಗುತ್ತವೆ. ಒಂದು ಸರದಿಗೆ ಹತ್ತರಿಂದ ಹನ್ನೆರಡು ನಿಮಿಷ ಹಿಡಿಯುತ್ತದೆ.

ಜಾಲರಿಯಲ್ಲಿ ಎತ್ತಿ ಎಣ್ಣೆ ಬಸಿದ ಮರುಕ್ಷಣವೇ ಉಪ್ಪು ಮತ್ತು ಓರೆಗಾನೊ ಬೀಳಬೇಕು. ಮೇಲ್ಮೈಯಲ್ಲಿ ಎಣ್ಣೆ ಇನ್ನೂ ಹೊಳೆಯುತ್ತಿರುವಾಗಲೇ ಅವು ಅಂಟಿಕೊಳ್ಳುತ್ತವೆ, ಆ ಬಿಸಿಗೇ ಓರೆಗಾನೊದ ಘಮ ಬಿಚ್ಚಿಕೊಳ್ಳುತ್ತದೆ. ಗ್ರೀಸ್‌ನಲ್ಲಿ ಬೇಸಿಗೆಯಲ್ಲಿ ಹೂಬಿಟ್ಟ ಗಿಡವನ್ನು ಕೊಯ್ದು, ಕಟ್ಟುಗಳನ್ನು ನೆರಳಿನಲ್ಲಿ ತೂಗುಹಾಕಿ ಒಣಗಿಸುತ್ತಾರೆ. ಬೇಕಾದಾಗ ಹೂವು ಎಲೆ ಎರಡನ್ನೂ ಅಂಗೈಗಳ ನಡುವೆ ಉಜ್ಜಿ ನೇರವಾಗಿ ತಟ್ಟೆಯ ಮೇಲೆ ಉದುರಿಸುತ್ತಾರೆ. ನಮಗೆ ಪೊಟ್ಟಣದ ಪುಡಿಯೇ ಗತಿ, ಅದನ್ನೂ ಹೀಗೆಯೇ ಉಜ್ಜಿ ಹಾಕಬೇಕು. ಪಿಜ್ಜಾ ಜೊತೆಗೆ ಬರುವ ಚಿಕ್ಕ ಪೊಟ್ಟಣಗಳನ್ನು ಕೂಡಿಡುವ ಅಭ್ಯಾಸ ನಮ್ಮಲ್ಲಿ ಬಹಳ ಮನೆಗಳಲ್ಲಿದೆ. ಅವುಗಳಲ್ಲಿ ಅನೇಕವು ಬೆಳ್ಳುಳ್ಳಿ, ಉಪ್ಪು, ಮೆಣಸಿನಕಾಯಿ ಬೆರೆತ ಮಿಶ್ರಣಗಳಾದ್ದರಿಂದ ಚೀಟಿ ಓದಿ ಬಳಸುವುದು ಒಳಿತು. ಓರೆಗಾನೊ ಬದಲು ಓಂಕಾಳು ಅಥವಾ ದೊಡ್ಡಪತ್ರೆ ಹಾಕಬಹುದೇ ಎಂಬ ಪ್ರಶ್ನೆ ಬರುತ್ತದೆ. ಥೈಮಾಲ್, ಕಾರ್ವಕ್ರಾಲ್ ಎಂಬ ಪರಿಮಳದ ಅಂಶಗಳು ಹೆಚ್ಚುಕಡಿಮೆ ಈ ಮೂರರಲ್ಲಿಯೂ ಇರುವುದರಿಂದ ನೆಂಟಸ್ತಿಕೆ ನಿಜ. ಆದರೂ ಓಂಕಾಳಿನ ಖಾರ ಆಲಿವ್ ಎಣ್ಣೆಯನ್ನು ತುಳಿದುಬಿಡುತ್ತದೆ, ದೊಡ್ಡಪತ್ರೆಯ ದಪ್ಪ ಎಲೆಯೋ ಒಣಗುವುದೇ ಕಷ್ಟ. ಅದು ತಂಬುಳಿಯಲ್ಲಿ ಇದ್ದರೆ ಚೆನ್ನ.

ನಿಂಬೆಯನ್ನು ಮಾತ್ರ ತಿನ್ನುವವರೇ ಹಿಂಡಿಕೊಳ್ಳಬೇಕು, ಮೊದಲೇ ಹಿಂಡಿದರೆ ಅಂಚುಗಳು ಮೆತ್ತಗಾಗುತ್ತವೆ. ಚೀಸ್ ಇಷ್ಟಪಡುವವರು ಫೆಟಾವನ್ನು ಕೈಯಿಂದ ಪುಡಿಮಾಡಿ, ಇಲ್ಲವೇ ಕೆಫಲೊತಿರಿ ಎಂಬ ಗಟ್ಟಿ ಉಪ್ಪುಪ್ಪು ಚೀಸನ್ನು ತುರಿದು ಹಾಕಿಕೊಳ್ಳುತ್ತಾರೆ. ಫೆಟಾ ಕುರಿಯ ಹಾಲಿನದು, ಅದರಲ್ಲಿ ಮೂವತ್ತು ಪ್ರತಿಶತದವರೆಗೆ ಮೇಕೆಯ ಹಾಲು ಸೇರಬಹುದು. ನಮ್ಮಲ್ಲಿ ಆ ಹೆಸರಿನಲ್ಲಿ ಸಿಗುವುದು ಹಲವು ಸಲ ಹಸುವಿನ ಹಾಲಿನದಾದರೂ ಉಪ್ಪುನೀರಿನಲ್ಲಿ ಇಟ್ಟದ್ದಾದರೆ ನಡೆಯುತ್ತದೆ. ಪನೀರ್ ನಡೆಯುವುದಿಲ್ಲ. ಅದರಲ್ಲಿ ಉಪ್ಪೂ ಇಲ್ಲ, ಹುಳಿಯೂ ಇಲ್ಲ.

ಆರ್ಥೊಡಾಕ್ಸ್ ಕ್ರೈಸ್ತರ ಉಪವಾಸದ ದಿನಗಳಲ್ಲಿ ಈ ಚೀಸನ್ನು ಕೈಬಿಡುತ್ತಾರೆ, ಕಟ್ಟುನಿಟ್ಟಿನ ದಿನಗಳಲ್ಲಿ ಎಣ್ಣೆಯನ್ನೂ ಮುಟ್ಟುವುದಿಲ್ಲ. ಏಕಾದಶಿಯ ಫಲಾಹಾರದಲ್ಲಿ ಆಲೂಗಡ್ಡೆಗೆ ಜಾಗ ಮಾಡಿಕೊಟ್ಟ ನಮ್ಮವರು ಎಣ್ಣೆಯ ವಿಷಯದಲ್ಲಿ ಎಷ್ಟೋ ಉದಾರಿಗಳು.

ತಟ್ಟೆಯಲ್ಲಿ ಉಳಿದರೆ ಅದನ್ನು ಮತ್ತೆ ಬಿಸಿಮಾಡುವುದಕ್ಕಿಂತ ಮೊಟ್ಟೆಗೆ ಸೇರಿಸುವುದು ಮೇಲು. ಮೂರು ಮೊಟ್ಟೆ ಕಲಕಿ, ಕಾವಲಿಯಲ್ಲಿ ಹರಡಿದ ಆಲೂಗಡ್ಡೆಯ ಮೇಲೆ ಸುರಿದು, ಸಣ್ಣ ಉರಿಯಲ್ಲಿ ಮುಚ್ಚಿಟ್ಟರೆ ಗ್ರೀಕರ ಮನೆಗಳ ಬಡಪಾಯಿ ರಾತ್ರಿಯೂಟ ಸಿದ್ಧ. ಸೈಪ್ರಸ್‌ನವರು ಇನ್ನೊಂದು ದಾರಿ ಹಿಡಿದಿದ್ದಾರೆ: ಗೋಲಿಯಂಥ ಪುಟ್ಟ ಆಲೂಗಡ್ಡೆಗಳನ್ನು ಸಿಪ್ಪೆಸಹಿತ ಜಜ್ಜಿ ಬಿರುಕು ಬಿಡಿಸಿ, ಎಣ್ಣೆಯಲ್ಲಿ ಕರಿದು, ಹೆಚ್ಚಿನ ಎಣ್ಣೆ ಬಸಿದು, ಕೆಂಪು ವೈನನ್ನು ಸುರಿದು, ಕುಟ್ಟಿದ ಕೊತ್ತಂಬರಿ ಬೀಜ ಹಾಕಿ ಮುಚ್ಚಳ ಮುಚ್ಚಿ ಪಾತ್ರೆಯನ್ನು ಕುಲುಕುತ್ತ ಬೇಯಿಸುತ್ತಾರೆ. ಕೊತ್ತಂಬರಿ ಬೀಜ ನಮ್ಮ ಡಬ್ಬಿಯಲ್ಲಿ ಸದಾ ಇರುವುದರಿಂದ ಓರೆಗಾನೊ ಮುಗಿದುಹೋದ ದಿನ ನಾನು ಮಾಡುವುದು ಅದನ್ನೇ. ಕರಿದು ಮಿಕ್ಕ ಎಣ್ಣೆಯನ್ನು ಆರಿಸಿ, ಬಟ್ಟೆಯಲ್ಲಿ ಸೋಸಿ, ಗಾಜಿನ ಶೀಶೆಯಲ್ಲಿ ಕತ್ತಲಲ್ಲಿಟ್ಟರೆ ಮುಂದಿನ ವಾರದ ಸರದಿಗೂ ಸಾಕಾಗುತ್ತದೆ. ಬಣ್ಣ ಗಾಢವಾಗಿ, ಮೂಸಿದಾಗ ಕಮಟು ಬಂದರೆ ಚೆಲ್ಲಿಬಿಡಬೇಕು.