ಕೇದಾರೇಶ್ವರನ ಖಾಲಿ ಗುಡಿಗೊಂದು ಕಾರ್ತಿಕ ಸೋಮವಾರ

ಕಾರ್ತಿಕ ಸೋಮವಾರ ಉಪವಾಸ ಇದ್ದು ಹಳೇಬೀಡಿಗೆ ಹೋಗೋದು ನಮ್ಮನೇಲಿ ಮೊದಲಿಂದ್ಲೂ ನಡ್ಕೊಂಡು ಬಂದಿದೆ. ಹೊಯ್ಸಳೇಶ್ವರನಿಗೆ ಇವತ್ತಿಗೂ ಪೂಜೆ ಇದೆ, ಮಂಗಳಾರತಿ ತಗೊಂಡು ದೊಡ್ಡ ನಂದಿಗೆ ಕೈ ಮುಗಿದು ಎಲ್ಲರೂ ಹಾಸನದ ಬಸ್ಸಿಗೆ ಹೊರಡ್ತಾರೆ, ನಂಗೆ ಮಾತ್ರ ಬಸದಿಹಳ್ಳಿ ದಾಟಿ ಕೇದಾರೇಶ್ವರನ ಗುಡಿವರೆಗೂ ನಡೀದಿದ್ರೆ ವ್ರತ ಮುಗಿದ ಹಾಗೇ ಅನ್ಸಲ್ಲ. ಅಲ್ಲಿ ದೇವರೇ ಇಲ್ವಲ್ಲ, ಭಿನ್ನ ಆದ ಮೂರ್ತಿಗೆ ಯಾರಾದ್ರೂ ಕೈ ಮುಗೀತಾರಾ ಅಂತಾರೆ ಅತ್ತೆ. ಪೂಜೆ ವಿಷಯದಲ್ಲಿ ಅವರ ಮಾತು ಸರಿ.

ಹೊಯ್ಸಳ ದೊರೆ ಎರಡನೇ ವೀರಬಲ್ಲಾಳ, ರಾಣಿ ಅಭಿನವ ಕೇತಲದೇವಿ ಕಾಲದ ಗುಡಿ ಇದು. ಮೂರು ಗರ್ಭಗುಡಿ, ಮೂರೂ ಖಾಲಿ. 1311ರಲ್ಲಿ ದೆಹಲಿ ಸುಲ್ತಾನನ ಸೇನಾಪತಿ ಮಲಿಕ್ ಕಾಫರ್ ದಂಡು ದ್ವಾರಸಮುದ್ರಕ್ಕೆ, ಅಂದ್ರೆ ಇದೇ ಹಳೇಬೀಡಿಗೆ, ಬಂದಿದ್ದು ಎಲ್ಲರಿಗೂ ಗೊತ್ತು, ಆದ್ರೆ ಈ ಗುಡಿಯ ಶಿಖರ ಬೀಳಿಸಿದ್ದು ಒಂದು ಮರ. ಯಾವ ಹಕ್ಕಿ ತಂದು ಹಾಕಿದ ಬೀಜವೋ, ವಿಮಾನದ ಮೇಲೆ, ಅಂದ್ರೆ ಗರ್ಭಗುಡಿ ಮೇಲಿನ ಗೋಪುರದಲ್ಲಿ, ಬೇರುಬಿಟ್ಟು, ಗಾರೆ ಇಲ್ದೆ ಜೋಡಿಸಿದ ಕಲ್ಲುಗಳ ಸಂದಿಗೆ ಇಳಿದು ಒಂದೊಂದನ್ನೇ ತಳ್ಳಿಬಿಡ್ತು. ಮೈತುಂಬ ಬೂದಿ ಬಳ್ಕೊಂಡು ಮಸಣದಲ್ಲಿ ಕೂರೋ ಶಿವನಿಗೆ ಶಿಖರ ಇಲ್ಲ ಅನ್ನೋದು ಕೊರತೆ ಅಂತ ನನಗ್ಯಾವತ್ತೂ ಅನ್ಸಿಲ್ಲ.

ಪೂಜೆ ಇರೋ ಕಡೆ ನಾವು ದೇವರನ್ನ ಎಷ್ಟೊತ್ತು ನೋಡ್ತೀವಿ ಹೇಳಿ, ಮುಂದೆ ನಡೀರಿ ಮುಂದೆ ನಡೀರಿ ಅನ್ನೋದ್ರೊಳಗೆ ಮುಗಿದೇ ಹೋಗುತ್ತೆ. ಇಲ್ಲಿ ಹಾಗಲ್ಲ. ಹೊರಗೋಡೆ ಮೇಲಿನ ಮೂರ್ತಿಗಳಲ್ಲಿ ಕೈ ಮುರಿದಿದೆ ಅಂದ್ರೆ ಆಯುಧ ಇಲ್ಲ, ಆಯುಧ ಇಲ್ದಿದ್ರೆ ಯಾವ ದೇವರು ಅಂತ ಗೊತ್ತಾಗಲ್ಲ, ಬಗ್ಗಿ ಪಾದದ ಹತ್ರ ನೋಡ್ಬೇಕು, ನಂದಿ ಇದ್ಯಾ, ಗರುಡ ಇದ್ಯಾ, ಇಲಿ ಇದ್ಯಾ ಅಂತ. ಹಾಗೆ ಹುಡುಕ್ತಾ ಹುಡುಕ್ತಾ ತಲೆ ತಾನಾಗೇ ಪಾದಕ್ಕೆ ಬಂದಿರುತ್ತೆ. ಮೂಗು ಹೋದ ಒಂದು ಮುಖದಲ್ಲಿ ತುಟಿ ಅಂಚಿನ ನಗು ಹಾಗೇ ಉಳಿದಿದೆ, ಕೊರಳ ಹಾರದ ಮಣಿಗಳ ನಡುವೆ ಬೂದುಬಣ್ಣದ ಪಾಚಿ ಕೂತಿದೆ, ಬಳಪದ ಕಲ್ಲು ನೋಡಿ, ಅಷ್ಟು ಸಣ್ಣ ಕೆಲಸವನ್ನೂ ಹಿಡಿದಿಟ್ಕೊಂಡಿದೆ. ಆ ನಗು ನೋಡ್ತಾ ನಿಂತ್ರೆ ಕಣ್ಣು ತುಂಬುತ್ತೆ ನಂಗೆ, ಬೇಜಾರಿಗಲ್ಲ.

ಒಂದೇ ಕೇಳ್ಕೊಳ್ಳೋದು, ಭಕ್ತಿ ಅಂತ ಅಲ್ಲಿ ಎಣ್ಣೆ ದೀಪ ಹಚ್ಚೋದು, ಕುಂಕುಮ ಬಳಿಯೋದು ದಯವಿಟ್ಟು ಬೇಡ, ಕಲ್ಲು ಹಾಳಾಗುತ್ತೆ. ಜಗತಿ ಮೇಲೆ, ಅಂದ್ರೆ ಗುಡಿ ನಿಂತಿರೋ ಎತ್ತರದ ಕಲ್ಲು ಕಟ್ಟೆ ಮೇಲೆ, ಒಂದು ಪ್ರದಕ್ಷಿಣೆ ಹಾಕಿ, ಸಾಕು. ಮುಂದಿನ ಸೋಮವಾರ ಅತ್ತೆನೂ ಬರ್ತೀನಿ ಅಂದಿದ್ದಾರೆ, ಮಂಡಿನೋವು ಅವರಿಗೆ, ನಿಧಾನಕ್ಕೆ ಕೈಹಿಡಿದು ಹತ್ತಿಸ್ತೀನಿ.